ಹಾಡಿಗೆ ಸಹಜ ಸಾವೆಂಬುದಿಲ್ಲ

ಜನಪದ ಸಂಗೀತದ ಮಾತು ಬಂದಾಗಲೆಲ್ಲ ನಮ್ಮ ವಿದ್ಯಾವಂತರ ಗೋಷ್ಠಿಗಳಲ್ಲಿ ಒಂದು ವಾದ ತಪ್ಪದೆ ತಲೆಯೆತ್ತುತ್ತದೆ. ಬೀಸುವ ಕಲ್ಲೇ ಮೂಲೆ ಸೇರಿದ ಮೇಲೆ ಬೀಸುವ ಪದ ಏಕೆ ಉಳಿಯಬೇಕು? ಕೆಲಸ ಹೋಯಿತು, ಕೆಲಸದ ಹಾಡೂ ಹೋಗಲಿ. ಕಾಲ ತೀರಿದ್ದನ್ನು ನೆಮ್ಮದಿಯಿಂದ ಸಾಯಲು ಬಿಡುವುದೇ ವಿವೇಕ. ಅದಕ್ಕೆ ಉಸಿರು ತುಂಬುತ್ತ ಕೂರುವುದು ಬರಿಯ ಹಳಹಳಿಕೆ. ಹೀಗೆ ಹೇಳುವವರು ಒರಟರೇನಲ್ಲ. ಬಹುಮಟ್ಟಿಗೆ ಓದಿಕೊಂಡವರು, ಊರು ಬಿಟ್ಟು ಮುಂಬಯಿಯಲ್ಲೋ ದೆಹಲಿಯಲ್ಲೋ ಮೂರು ನಾಲ್ಕು ದಶಕ ಕಳೆದವರು, ಭಾವುಕತೆಯನ್ನು ಕಂಡರೆ ಆಗದವರು. ಹಾಗಾಗಿಯೇ ಅವರ ವಾದವನ್ನು ಭಾವುಕತೆಯಿಂದ ಎದುರಿಸಿ ಪ್ರಯೋಜನವಿಲ್ಲ. ಅದು ಇತಿಹಾಸದ ಮಟ್ಟದಲ್ಲೇ ಸುಳ್ಳು ಎಂದು ತೋರಿಸಬೇಕು. ಹಾಗೆ ತೋರಿಸಲು ಜಮೈಕಾದಷ್ಟು ಸ್ಪಷ್ಟವಾದ ನಿದರ್ಶನ ನನ್ನ ಅರಿವಿನಲ್ಲಿ ಬೇರೊಂದಿಲ್ಲ. ಆ ದ್ವೀಪದ ಹಾಡುಗಳಿಗಾಗಿ ತಮ್ಮ ಬದುಕಿನ ಬಹುಭಾಗವನ್ನು ಸವೆಸಿದ ಆಲಿವ್ ಲೂಯಿನ್ ಅವರಷ್ಟು ಗಟ್ಟಿಯಾದ ಸಾಕ್ಷಿಯೂ ಇಲ್ಲ.

ನಮಗೆ ಗೊತ್ತಿರುವ ಜಮೈಕಾ ಯಾವುದು? ಮೈಕೆಲ್ ಹೋಲ್ಡಿಂಗ್ ಬೌಲಿಂಗಿಗೆ ಓಡಿಬರುವ ಚೆಲುವು, ಉಸೇನ್ ಬೋಲ್ಟ್‌ನ ವೇಗ, ಬಾಬ್ ಮಾರ್ಲಿಯ ಜಡೆ. ಇವುಗಳ ಜೊತೆಗೆ ಒಂದು ಹಾಡು, ‘ಜಮೈಕಾ ಫೇರ್‌ವೆಲ್’. ನಮ್ಮ ನಗರಗಳ ಕಾಲೇಜು ಹಾಸ್ಟೆಲುಗಳಲ್ಲಿ ಗಿಟಾರು ಹಿಡಿದ ಹುಡುಗರು ಮೊದಮೊದಲು ಕಲಿಯುವ ಹಾಡುಗಳಲ್ಲಿ ಅದೂ ಒಂದು; ಅದನ್ನು ಜಮೈಕಾದ ಅಪ್ಪಟ ಜನಪದ ಗೀತೆಯೆಂದೇ ಹಲವರು ನಂಬಿದ್ದಾರೆ. ಜನಪದ ಮಟ್ಟೊಂದನ್ನು ಆಧರಿಸಿ ಅದನ್ನು ಬರೆದವರು ಇರ್ವಿಂಗ್ ಬರ್ಗಿ. ಹುಟ್ಟಿದ್ದು ನ್ಯೂಯಾರ್ಕಿನ ಬ್ರೂಕ್ಲಿನ್‌ನಲ್ಲಿ, ತಾಯಿ ಬಾರ್ಬಡೋಸಿನವರು. ಹಾಡಿ ಜಗತ್ತಿಗೆ ತಲಪಿಸಿದವರು ಹ್ಯಾರಿ ಬೆಲಫಾಂಟೆ, 1956ರ ‘ಕ್ಯಾಲಿಪ್ಸೊ’ ಎಂಬ ಧ್ವನಿಮುದ್ರಿಕೆಯಲ್ಲಿ. ಕ್ಯಾಲಿಪ್ಸೊ ಟ್ರಿನಿಡಾಡಿನದು. ಜಮೈಕಾದ ಹಳ್ಳಿಗಾಡಿನ ಸಂಗೀತದ ಹೆಸರು ಮೆಂಟೊ: ಬ್ಯಾಂಜೊ, ಗಿಟಾರು, ಕೈಯಾರೆ ಮಾಡಿಕೊಂಡ ಬಿದಿರಿನ ಊದುವಾದ್ಯಗಳು, ಜೊತೆಗೆ ಮರದ ಪೆಟ್ಟಿಗೆಯ ಮೇಲೆ ಕುಳಿತು ಲೋಹದ ಪಟ್ಟಿಗಳನ್ನು ಮೀಟಿ ನುಡಿಸುವ ರುಂಬಾ ಪೆಟ್ಟಿಗೆ. ಅಮೆರಿಕದ ಅಂಗಡಿಗೆ ಮೆಂಟೊ ಎಂಬ ಹೆಸರು ಒಗ್ಗಲಿಲ್ಲ. ಪಕ್ಕದ ದ್ವೀಪದ ಹೆಸರಿನ ಚೀಟಿ ಅಂಟಿಸಿ ಮಾರಲಾಯಿತು.

ಅದೇ ಮುದ್ರಿಕೆಯ ಇನ್ನೊಂದು ಹಾಡು ಬಾಳೆಗೊನೆ ಹೊರುವವರದು. ಅಮೆರಿಕದ ವರ್ತಕರು 1870ರ ದಶಕದಲ್ಲಿ ಜಮೈಕಾದ ಬಾಳೆಹಣ್ಣಿನ ವ್ಯಾಪಾರಕ್ಕೆ ಕೈಹಾಕಿದರು. 1899ರ ವೇಳೆಗೆ ಆ ವ್ಯಾಪಾರ ಯುನೈಟೆಡ್ ಫ್ರೂಟ್ ಎಂಬ ದೈತ್ಯ ಕಂಪನಿಯ ಕೈಗೆ ಬಂತು. ಹಡಗು ಬಂದ ರಾತ್ರಿ ಗಂಡಸರೂ ಹೆಂಗಸರೂ ಗೊನೆಗಳನ್ನು ತಲೆಯ ಮೇಲೆ ಹೊತ್ತು ಸಾಲುಗಟ್ಟಿ ನಡೆಯುತ್ತಿದ್ದರು. ಲೆಕ್ಕದವನು ಒಂದೊಂದೇ ಗೊನೆ ಎಣಿಸುತ್ತಿದ್ದ. ಬೆಳಗಾದರೆ ಮನೆಗೆ ಹೋಗಬಹುದು ಎಂಬುದೊಂದೇ ಆಸೆ. ಆ ದಣಿವಿನಿಂದ ಹುಟ್ಟಿದ ಹಾಡನ್ನು ಬೆಲಫಾಂಟೆಗಿಂತ ಮುಂಚೆ, 1954ರಲ್ಲಿ, ಜಮೈಕಾದವರೇ ಆದ ಕವಯಿತ್ರಿ ಲೂಯಿಸ್ ಬೆನೆಟ್ ಧ್ವನಿಮುದ್ರಣಕ್ಕಾಗಿ ಹಾಡಿದ್ದರು. ಆದರೆ ಲೋಕ ಕುಣಿದದ್ದು 1956ರ ರೂಪಕ್ಕೆ. ಬೆಲಫಾಂಟೆಯನ್ನು ದೂರುವುದು ನನ್ನ ಉದ್ದೇಶವಲ್ಲ. ಅವರ ತಾಯಿ ಜಮೈಕಾದವರು, ಅವರ ಬಾಲ್ಯದ ಕೆಲವು ವರ್ಷಗಳು ಅಲ್ಲಿಯೇ ಕಳೆದವು, ಮಾರ್ಟಿನ್ ಲೂಥರ್ ಕಿಂಗ್ ಅವರ ಬೆನ್ನಿಗೆ ನಿಂತ ಕಲಾವಿದ ಅವರು. ನನ್ನ ಪ್ರಶ್ನೆ ಬೇರೆ. ಗೊನೆ ಹೊರುವ ಕೆಲಸದೊಡನೆಯೇ ಸಾಯಬೇಕಾಗಿದ್ದ ಹಾಡು ನ್ಯೂಯಾರ್ಕಿನ ಅಂಗಡಿಯಲ್ಲಿ ಹೇಗೆ ಅಷ್ಟು ಜೀವಂತವಾಗಿತ್ತು? ಮಾರಲು ಬರುವಾಗ ಬದುಕಿರುವ ಹಾಡು, ಕಲಿಯಲು ಹೊರಟಾಗ ಮಾತ್ರ ಸತ್ತಿರುವುದು ಹೇಗೆ?

ಆಲಿವ್ ಲೂಯಿನ್ ಹುಟ್ಟಿದ್ದು 1927ರಲ್ಲಿ, ದ್ವೀಪದ ದಕ್ಷಿಣಕ್ಕಿರುವ ಕ್ಲ್ಯಾರೆಂಡನ್ ಜಿಲ್ಲೆಯ ವಿಯರ್ ಎಂಬ ಕಬ್ಬಿನ ಸೀಮೆಯಲ್ಲಿ. ತಂದೆತಾಯಿ ಇಬ್ಬರೂ ಶಾಲಾಶಿಕ್ಷಕರು. ಆಗಿನ್ನೂ ಬ್ರಿಟಿಷರ ಆಳ್ವಿಕೆ. ವಿದ್ಯಾವಂತ ಮನೆತನದ ಹೆಣ್ಣುಮಗಳಿಗೆ ಸಂಗೀತವೆಂದರೆ ಪಿಯಾನೊ. ಊರಿನ ಅಂಗಳದಲ್ಲಿ ಬಡಿಯುತ್ತಿದ್ದ ಚರ್ಮವಾದ್ಯವನ್ನು ಸಂಗೀತವೆಂದು ಕರೆಯುವ ರೂಢಿಯೇ ಇರಲಿಲ್ಲ. ಲೂಯಿನ್ ಪಿಯಾನೊ ಕಲಿತರು, ಲಂಡನ್ನಿನ ರಾಯಲ್ ಅಕಾಡೆಮಿ ಆಫ್ ಮ್ಯೂಸಿಕ್‌ನಲ್ಲಿ ಓದಿದರು. ಇಂಥ ಶಿಕ್ಷಣ ಪಡೆದವರು ಮುಂದೆ ಏನಾಗುತ್ತಾರೆ ಎಂಬುದು ನಮಗೂ ಗೊತ್ತು: ಊರಿನ ಗಣ್ಯರ ಮಕ್ಕಳಿಗೆ ಪಾಠ ಹೇಳುತ್ತಾರೆ, ಚರ್ಚಿನ ಗಾಯನಮೇಳ ನಡೆಸುತ್ತಾರೆ, ಮರ್ಯಾದೆಯಿಂದ ನಿವೃತ್ತರಾಗುತ್ತಾರೆ. ಲೂಯಿನ್ 1966ರಲ್ಲಿ ಸರ್ಕಾರದ ಜನಪದ ಸಂಗೀತ ಸಂಶೋಧನಾಧಿಕಾರಿಯ ಹುದ್ದೆ ವಹಿಸಿಕೊಂಡು ಧ್ವನಿಮುದ್ರಣ ಯಂತ್ರದೊಂದಿಗೆ ಹಳ್ಳಿಗಳಿಗೆ ಹೊರಟರು. ಮರುವರ್ಷ, 1967ರಲ್ಲಿ, ‘ಜಮೈಕನ್ ಫೋಕ್ ಸಿಂಗರ್ಸ್’ ಎಂಬ ಮೇಳ ಕಟ್ಟಿದರು. ಮುಂದೆ ಬೆಲ್‌ಫಾಸ್ಟಿನ ಕ್ವೀನ್ಸ್ ವಿಶ್ವವಿದ್ಯಾಲಯದಿಂದ ಜನಾಂಗೀಯ ಸಂಗೀತಶಾಸ್ತ್ರದಲ್ಲಿ ಡಾಕ್ಟರೇಟು. 1973ರಲ್ಲಿ ನಲವತ್ತು ಜನಪದ ಗೀತೆಗಳ ಸಂಗ್ರಹ, 1981ರಲ್ಲಿ ವೃದ್ಧರ ನೆನಪುಗಳನ್ನು ದಾಖಲಿಸುವ ‘ಜಮೈಕಾ ಮೆಮೊರಿ ಬ್ಯಾಂಕ್’, 2000ದಲ್ಲಿ ‘ರಾಕ್ ಇಟ್ ಕಮ್ ಓವರ್’ ಎಂಬ ಹೆಬ್ಬೊತ್ತಗೆ. 2013ರ ಏಪ್ರಿಲ್‌ನಲ್ಲಿ ತೀರಿಕೊಂಡಾಗ ಅವರಿಗೆ 85 ವರ್ಷ. ಹೊರಗಿನ ಘಟನೆಗಳ ಪಟ್ಟಿ ಇಷ್ಟೇ. ಈ ಪಟ್ಟಿಯಿಂದ ಅವರ ಕೆಲಸದ ತೂಕ ತಿಳಿಯುವುದಿಲ್ಲ. ಅದನ್ನು ತಿಳಿಯಲು ಅವರು ಹುಡುಕಿ ಹೊರಟ ಹಾಡುಗಳಿಗೆ ಅದಕ್ಕೂ ಮುಂಚಿನ ಇನ್ನೂರು ವರ್ಷಗಳಲ್ಲಿ ಏನಾಗಿತ್ತು ಎಂಬುದನ್ನು ನೋಡಬೇಕು.

ಗುಲಾಮಗಿರಿಯ ಕಾಲದ ಜಮೈಕಾದ ಕಾಯಿದೆಗಳಲ್ಲಿ ನಗಾರಿಗೂ ಕೊಂಬಿಗೂ ನಿಷೇಧವಿತ್ತು. ತೋಟದ ಒಡೆಯರ ಕಿವಿ ಸೂಕ್ಷ್ಮವಾಗಿತ್ತೆಂದಲ್ಲ. ಚರ್ಮವಾದ್ಯದ ಸದ್ದು ಬೆಟ್ಟದಿಂದ ಬೆಟ್ಟಕ್ಕೆ ಸುದ್ದಿ ಒಯ್ಯುತ್ತದೆ, ಹತ್ತು ತೋಟಗಳ ಆಳುಗಳನ್ನು ಒಂದೇ ರಾತ್ರಿ ಒಂದೆಡೆ ಸೇರಿಸುತ್ತದೆ ಎಂಬುದು ಅವರಿಗೆ ಅನುಭವದಿಂದ ತಿಳಿದಿತ್ತು. 1760ರಲ್ಲಿ ಟ್ಯಾಕಿ ಎಂಬವನ ಮುಂದಾಳುತನದಲ್ಲಿ ದೊಡ್ಡ ದಂಗೆಯೆದ್ದಿತು. ಅದನ್ನು ಹತ್ತಿಕ್ಕಿದ ಕೂಡಲೇ ಆಫ್ರಿಕನ್ ಮೂಲದ ಮಂತ್ರತಂತ್ರಗಳನ್ನೆಲ್ಲ ‘ಒಬಿಯಾ’ ಎಂಬ ಒಂದು ಹೆಸರಿನಡಿ ಕೂಡಿಹಾಕಿ ಅಪರಾಧವೆಂದು ಸಾರಲಾಯಿತು. 1838ರಲ್ಲಿ ಪೂರ್ಣ ಬಿಡುಗಡೆ ಬಂತು. ಕಾನೂನಿನ ದೃಷ್ಟಿ ಬದಲಾಗಲಿಲ್ಲ. 1898ರಲ್ಲಿ ಒಬಿಯಾ ಕಾಯಿದೆ ಮತ್ತೆ ಹೊಸದಾಗಿ ಬಂತು. ಯಾವುದು ಪೂಜೆ, ಯಾವುದು ಮಾಟ ಎಂದು ತೀರ್ಮಾನಿಸುವವನು ನ್ಯಾಯಪೀಠದ ಮೇಲಿದ್ದ ಸಾಹೇಬ. ಸಾವಿರಾರು ಜನ ಹಿಂಬಾಲಿಸುತ್ತಿದ್ದ ಅಲೆಕ್ಸಾಂಡರ್ ಬೆಡ್‌ವರ್ಡ್ ಎಂಬ ಕಪ್ಪು ಪ್ರವಾದಿಯನ್ನು 1921ರಲ್ಲಿ ಹುಚ್ಚಾಸ್ಪತ್ರೆಗೆ ಸೇರಿಸಲಾಯಿತು. ಆತ ಸತ್ತದ್ದೂ ಅಲ್ಲಿಯೇ.

ಕಾನೂನು ಬಿಟ್ಟದ್ದನ್ನು ಶಾಲೆಯೂ ಚರ್ಚೂ ಮುಗಿಸಲು ನೋಡಿದವು. ಚರ್ಚಿನಲ್ಲಿ ಚರ್ಮವಾದ್ಯವೆಂದರೆ ಸೈತಾನನ ದನಿ. ಶಾಲೆಯಲ್ಲಿ ಪತ್ವಾ, ಅಂದರೆ ಮನೆಮಾತು, ‘ಕೆಟ್ಟ ಇಂಗ್ಲಿಷು’. ತಾಯಿ ಆಡುವ ಮಾತು ಭಾಷೆಯೇ ಅಲ್ಲವೆಂದು ಕಲಿತ ಮಗು ತಾಯಿ ಹಾಡುವ ಹಾಡನ್ನು ಹಾಡೆಂದು ಹೇಗೆ ತಿಳಿದೀತು? ಲೂಯಿಸ್ ಬೆನೆಟ್ ಆ ಮಾತಿನಲ್ಲಿಯೇ ಕವಿತೆ ಬರೆದು ನಿಂತದ್ದಕ್ಕೆ ಅಷ್ಟೊಂದು ಮೂಗು ಮುರಿದವರು ಬಿಳಿಯರಷ್ಟೇ ಅಲ್ಲ, ಓದಿದ ಕರಿಯರೂ ಹೌದು. ಇದು ನಮ್ಮ ಓದುಗರಿಗೆ ಬಿಡಿಸಿ ಹೇಳಬೇಕಾದ ಸಂಗತಿಯೇನಲ್ಲ.

ಹೀಗೆ ಇನ್ನೂರು ವರ್ಷ ಕಾಯಿದೆಯಿಂದ, ಚಾಟಿಯಿಂದ, ಬೋಧನೆಯಿಂದ, ಅವಮಾನದಿಂದ ಒಂದು ಸಂಗೀತವನ್ನು ಬಾಯಿ ಮುಚ್ಚಿಸಿ, ಆಮೇಲೆ ಅದರ ದನಿ ಕ್ಷೀಣಿಸಿದ್ದನ್ನು ತೋರಿಸಿ ‘ಪಾಪ, ಕಾಲಧರ್ಮ’ ಎನ್ನುವುದಿದೆಯಲ್ಲ, ಅದು ಕತ್ತು ಹಿಸುಕಿದವನೇ ಬಂದು ಮರಣಪತ್ರಕ್ಕೆ ಸಹಿ ಹಾಕಿದ ಹಾಗೆ. ಹಾಡಿನ ಸಾವು ಸಹಜ ಎನ್ನುವ ನಮ್ಮ ಮಿತ್ರರು ತಾವು ಯಾರ ಪರವಾಗಿ ಸಾಕ್ಷಿ ನುಡಿಯುತ್ತಿದ್ದೇವೆಂದು ಯೋಚಿಸಿದ್ದಾರೆಯೇ?

ಅವರ ವಾದದ ಬಲವಾದ ಭಾಗವನ್ನು ಮುಚ್ಚಿಡಬೇಕಾಗಿಲ್ಲ. ಅಗೆತದ ಹಾಡುಗಳನ್ನು ತೆಗೆದುಕೊಳ್ಳೋಣ. ಗೆಣಸಿನ ಹೊಲ ಅಗೆಯಲು ನೆರೆಹೊರೆಯವರು ಮುಯ್ಯಾಳಾಗಿ ಸೇರುತ್ತಿದ್ದರು. ‘ಬೊಮ್ಮ’ ಎಂದು ಕರೆಯಲಾಗುವ ಮುಂದಾಳು ಸಾಲು ಎತ್ತಿಕೊಟ್ಟರೆ, ‘ಬಾಬಿನ್’ ಎಂಬ ಪಲ್ಲವಿಯನ್ನು ಉಳಿದವರೆಲ್ಲ ಒಟ್ಟಿಗೆ ಹಾಡುತ್ತ ಅದೇ ಹೊತ್ತಿಗೆ ಗುದ್ದಲಿ ನೆಲಕ್ಕೆ ಹಾಕುತ್ತಿದ್ದರು. ವಾಲ್ಟರ್ ಜೀಕಿಲ್ ಎಂಬ ಇಂಗ್ಲಿಷಿನವರು ಇವುಗಳನ್ನು ಅನಾನ್ಸಿ ಎಂಬ ಜೇಡನ ಕಥೆಗಳ ಜೊತೆಗೂ ಮಕ್ಕಳ ವೃತ್ತದಾಟದ ಪದಗಳ ಜೊತೆಗೂ ಸೇರಿಸಿ 1907ರಲ್ಲಿಯೇ ಪ್ರಕಟಿಸಿದ್ದರು. ಮುಯ್ಯಾಳಿನ ಅಗೆತ ಹೋಯಿತು, ಅದರ ಹಾಡೂ ಬಹುಮಟ್ಟಿಗೆ ಹೊಲದಿಂದ ಹೋಯಿತು. ಇದನ್ನು ಒಪ್ಪೋಣ. ಆದರೆ ಆ ಹಾಡು ಅಗೆಯುವುದಕ್ಕೆ ತಾಳ ಹಾಕುವ ಉಪಕರಣ ಮಾತ್ರವಾಗಿತ್ತೆ? ತೋಟದ ಒಡೆಯರು ಕಾಗದಪತ್ರಗಳ ರಾಶಿಯನ್ನೇ ಬಿಟ್ಟುಹೋಗಿದ್ದಾರೆ: ಆಳಿನ ಹೆಸರು, ವಯಸ್ಸು, ಬೆಲೆ, ಸಕ್ಕರೆಯ ಪೀಪಾಯಿಗಳ ಲೆಕ್ಕ. ಆಳು ಏನೆಂದುಕೊಂಡ, ಮೇಸ್ತ್ರಿಯನ್ನು ಹೇಗೆ ಅಣಕಿಸಿದ, ಸತ್ತ ಮಗುವಿಗೆ ಹೇಗೆ ಅತ್ತ ಎಂಬುದಕ್ಕೆ ಆ ರಾಶಿಯಲ್ಲಿ ಜಾಗವಿಲ್ಲ, ಹಾಡಿನಲ್ಲಿದೆ. ಒಂದು ಪಕ್ಷದ ದಾಖಲೆಗಳನ್ನು ಗಾಳಿ ತಾಕದ ಕೋಣೆಯಲ್ಲಿ ಜೋಪಾನ ಮಾಡಿ, ಇನ್ನೊಂದು ಪಕ್ಷದ ದಾಖಲೆ ಸವೆದರೆ ಅದನ್ನು ಪ್ರಕೃತಿಯ ನಿಯಮ ಎನ್ನುವುದು ಯಾವ ನ್ಯಾಯ?

ಇನ್ನು, ಎಲ್ಲ ಹಾಡೂ ಕೆಲಸದ ಹಾಡಲ್ಲ. ಸೇಂಟ್ ಮೇರಿ ಜಿಲ್ಲೆಯಲ್ಲಿ ‘ಡಿಂಕಿ ಮಿನಿ’ ಎಂಬುದಿದೆ. ಸಾವಿನ ಮನೆಯಲ್ಲಿ ಒಂಬತ್ತು ರಾತ್ರಿಗಳ ಜಾಗರಣೆ ಆ ದ್ವೀಪದ ಪದ್ಧತಿ. ಡಿಂಕಿ ಮಿನಿಯಲ್ಲಿ ಅಳುವುದಕ್ಕೆ ಬದಲು ಕುಣಿಯುತ್ತಾರೆ, ತುಂಟ ಹಾಡುಗಳನ್ನು ಹೇಳುತ್ತಾರೆ, ಸತ್ತವರ ಮನೆಯವರನ್ನು ನಗಿಸಲು ನೋಡುತ್ತಾರೆ. ಅದಕ್ಕೊಂದು ವಿಶೇಷ ವಾದ್ಯ, ‘ಬೆಂಟಾ’: ಬಿದಿರಿನ ಗಳಕ್ಕೆ ಒಂದೇ ತಂತಿ, ಅದರ ಮೇಲೆ ಸೋರೆಬುರುಡೆಯನ್ನು ಜಾರಿಸಿ ಸ್ವರ ಏರಿಳಿಸುವುದು. ಪಶ್ಚಿಮದ ಜಿಲ್ಲೆಗಳಲ್ಲಿ ಇದರ ಸೋದರ ರೂಪಕ್ಕೆ ‘ಗೆರೆ’ ಎಂದು ಹೆಸರು. ಬೀಸುವ ಕಲ್ಲಿನ ವಾದವನ್ನು ಇಲ್ಲಿ ಹೂಡುವುದು ಹೇಗೆ? ಗಿರಣಿ ಬಂದಿರಬಹುದು, ಸಾವು ಇನ್ನೂ ರದ್ದಾಗಿಲ್ಲ.

ಲೂಯಿನ್ ಅವರ ಬದುಕಿನ ನಡುಗಂಬವೆಂದರೆ ಕುಮಿನಾ. ಇಲ್ಲಿ ಸ್ವಲ್ಪ ನಿಲ್ಲಬೇಕು, ಏಕೆಂದರೆ ‘ಪ್ರಾಚೀನ ಪರಂಪರೆ’ ಎಂಬ ನಮ್ಮ ಸೋಮಾರಿ ಮಾತನ್ನೂ ಕುಮಿನಾ ಸುಳ್ಳು ಮಾಡುತ್ತದೆ. ಗುಲಾಮಗಿರಿ ಮುಗಿದ ಮೇಲೆ ತೋಟಗಳಿಗೆ ಆಳಿನ ಬರ ಬಂತು. ಬ್ರಿಟಿಷರು ಎರಡು ಕಡೆಯಿಂದ ಆಳು ತಂದರು. ಒಂದು ಕಡೆ ನಮ್ಮವರು: ಮೊದಲ ಹಡಗು 1845ರ ಮೇ ತಿಂಗಳಲ್ಲಿ ಓಲ್ಡ್ ಹಾರ್ಬರ್ ಕೊಲ್ಲಿಗೆ ಬಂತು, ಮುಂದೆ ಒಟ್ಟು ಸುಮಾರು 36,000 ಭಾರತೀಯರು ಗಿರಮಿಟಿಯಾಗಳಾಗಿ ಬಂದರು. ಗಾಂಜಾ ಎಂಬ ನಮ್ಮ ಶಬ್ದ ಜಮೈಕಾದ ಮಾತಿಗೆ ಸೇರಿದ್ದು ಅವರಿಂದಲೇ. ಇನ್ನೊಂದು ಕಡೆ, ಬೇರೆ ದೇಶಗಳ ಗುಲಾಮರ ಹಡಗುಗಳನ್ನು ಸಮುದ್ರದಲ್ಲಿ ಅಡ್ಡಗಟ್ಟಿ ಬಿಡಿಸಿಕೊಂಡ ಆಫ್ರಿಕನ್ನರು. ಬಿಡಿಸಿದವರು ಅವರನ್ನು ಮನೆಗೆ ಕಳಿಸಲಿಲ್ಲ. ಕೂಲಿಯ ಕರಾರು ಮಾಡಿಸಿ ಜಮೈಕಾಕ್ಕೆ ಸಾಗಿಸಿದರು. ಕಾಂಗೊ ಸೀಮೆಯಿಂದ ಬಂದ ಇವರಲ್ಲಿ ಬಹಳ ಮಂದಿ ಪೂರ್ವದ ಸೇಂಟ್ ಥಾಮಸ್ ಜಿಲ್ಲೆಯಲ್ಲಿ ನೆಲೆಸಿದರು. ಅವರು ಕಟ್ಟಿಕೊಂಡ ಪಿತೃಪೂಜೆಯೇ ಕುಮಿನಾ. ಅಂದರೆ ಅದರ ವಯಸ್ಸು ನಮ್ಮ ರೈಲುಮಾರ್ಗಗಳ ವಯಸ್ಸಿಗಿಂತ ಬಹಳ ಹೆಚ್ಚಿಲ್ಲ. ‘ಆಧುನಿಕತೆ ಬಂದಾಗ ಹಳೆಯದು ಹೋಗುತ್ತದೆ’ ಎನ್ನುವವರು ನೆನಪಿಡಬೇಕು: ಇದು ಆಧುನಿಕ ಬಂಡವಾಳವೇ ಹಡಗು ಹತ್ತಿಸಿ ತಂದ ಜನ, ಆಧುನಿಕ ಕಾಲದಲ್ಲಿಯೇ ಕಟ್ಟಿದ ಸಂಗೀತ.

ಅದರಲ್ಲಿ ಎರಡು ಮುಖ್ಯ ಚರ್ಮವಾದ್ಯಗಳು. ‘ಕ್ಬಂಡು’ ತಗ್ಗಿನ ದನಿಯಲ್ಲಿ ನಡೆ ಹಿಡಿಯುತ್ತದೆ. ‘ಪ್ಲೇಯಿಂಗ್ ಕಾಸ್ಟ್’ ಅದರ ಮೇಲೆ ಮಾತನಾಡುತ್ತದೆ. ವಾದ್ಯವನ್ನು ನೆಲದ ಮೇಲೆ ಅಡ್ಡ ಮಲಗಿಸಿ ನುಡಿಸುವವನು ಕುದುರೆ ಏರಿದಂತೆ ಅದರ ಮೇಲೆ ಕೂರುತ್ತಾನೆ, ಹಿಮ್ಮಡಿಯನ್ನು ಚರ್ಮಕ್ಕೆ ಒತ್ತಿ ಸ್ವರ ಬದಲಿಸುತ್ತಾನೆ. ಅವನ ಬೆನ್ನ ಹಿಂದೆ ಇನ್ನೊಬ್ಬ ವಾದ್ಯದ ಮೈಗೆ ಎರಡು ಕಡ್ಡಿಗಳಿಂದ ಬಡಿಯುತ್ತಾನೆ. ಶುರುವಿಗೆ ಬಿಳಿ ರಮ್ಮನ್ನು ಬಾಯಲ್ಲಿ ತುಂಬಿ ವಾದ್ಯದ ಮೇಲೆ ಉಗುಳುವುದು ಶಾಸ್ತ್ರ. ಹಾಡಿನಲ್ಲಿ ಎರಡು ಬಗೆ: ಮನೆಮಾತಿನಲ್ಲಿ ಹೇಳುವ ‘ಬೈಲೊ’ ಹಾಡು ನೆರೆದವರೆಲ್ಲರದು, ಕಾಂಗೊ ನುಡಿಯ ‘ಕಂಟ್ರಿ’ ಹಾಡು ಪಿತೃಗಳನ್ನು ಕರೆಯುವುದಕ್ಕೆ. ಲಂಡನ್ನಿನ ಪಿಯಾನೊ ಪಾಠದಲ್ಲಿ ಇದಕ್ಕೆ ಯಾವ ಸಿದ್ಧತೆಯೂ ಇರಲು ಸಾಧ್ಯವಿಲ್ಲ.

ಈ ವಿದ್ಯೆಯಲ್ಲಿ ಲೂಯಿನ್ ಅವರಿಗೆ ಗುರುವಾದವರು ಇಮೋಜಿನ್ ಕೆನಡಿ, ಕುಮಿನಾದ ರಾಣಿಯೆಂದು ಒಪ್ಪಿಕೊಳ್ಳಲಾದವರು. ಜನ ಕರೆಯುತ್ತಿದ್ದದ್ದು ‘ಕ್ವೀನಿ’ ಎಂದು. ಹುಡುಗಿಯಾಗಿದ್ದಾಗ ತಾವು ಬೂರುಗದ ಮರದ ಆಶ್ರಯದಲ್ಲಿ ಅನ್ನನೀರಿಲ್ಲದೆ ಇಪ್ಪತ್ತೊಂದು ದಿನ ಕಳೆದೆವೆಂದೂ, ಹಿರಿಯರ ಆತ್ಮಗಳು ಅಲ್ಲಿ ತಮಗೆ ಹಾಡನ್ನೂ ಆ ನುಡಿಯನ್ನೂ ಕಲಿಸಿದವೆಂದೂ ಕ್ವೀನಿ ಹೇಳುತ್ತಿದ್ದರು. ಇದನ್ನು ನಂಬಬೇಕೆ ಎಂದು ಕೇಳುವವರಿದ್ದಾರೆ. ನಾನು ಕೇಳುವುದು ಇಷ್ಟು: ಕಾಂಗೊ ನುಡಿಯ ಶಬ್ದಗಳು ಆಕೆಯ ಬಾಯಲ್ಲಿದ್ದವು ಎಂಬುದು ಭಾಷಾತಜ್ಞರು ಪರೀಕ್ಷಿಸಿ ಕಂಡುಕೊಂಡ ಸಂಗತಿ, ಅವನ್ನು ಅಲ್ಲಿಗೆ ತಂದದ್ದು ಯಾವ ವಿಶ್ವವಿದ್ಯಾಲಯವೂ ಅಲ್ಲ.

ವಿದ್ವಾಂಸರಿಗೂ ಹಳ್ಳಿಯ ಹಾಡುಗಾರರಿಗೂ ಇರುವ ಸಂಬಂಧ ಸಾಮಾನ್ಯವಾಗಿ ಹೇಗಿರುತ್ತದೆಂದು ನಮ್ಮ ದೇಶದ ಗ್ರಂಥಭಂಡಾರಗಳೇ ಸಾರುತ್ತವೆ. ಹಾಡಿದವರು ‘ವಕ್ತೃ’, ಹೆಸರು ಪುಸ್ತಕದ ಕೊನೆಯ ಅನುಬಂಧದಲ್ಲಿ, ಅದೂ ಸಂಪಾದಕರಿಗೆ ನೆನಪಿದ್ದರೆ. ‘ರಾಕ್ ಇಟ್ ಕಮ್ ಓವರ್’ ಪುಸ್ತಕದ ಶೀರ್ಷಿಕೆಯನ್ನು ಪೂರ್ತಿ ಓದಿದರೆ ಅದರಲ್ಲಿಯೇ, ಜಮೈಕಾದ ಜನಪದ ಸಂಗೀತ ಎಂಬ ಮಾತಿನ ಬೆನ್ನಿಗೇ, ಕುಮಿನಾವನ್ನೂ ಶ್ರೀಮತಿ ಇಮೋಜಿನ್ ‘ಕ್ವೀನಿ’ ಕೆನಡಿ ಅವರ ಕೆಲಸವನ್ನೂ ಮುಖ್ಯವಾಗಿ ಕುರಿತದ್ದು ಎಂದಿದೆ. ಕ್ವೀನಿ 1998ರಲ್ಲಿಯೇ ತೀರಿಕೊಂಡಿದ್ದರು. ಹೆಸರು ಬಿಟ್ಟಿದ್ದರೆ ಕೇಳುವವರಿರಲಿಲ್ಲ. ಗೌರವಸೂಚಕ ‘ಶ್ರೀಮತಿ’ಯನ್ನೂ ಬಿಡದೆ ಮುದ್ರಿಸಿದ ಆ ಸಾಲನ್ನು ನಾನು ಲೂಯಿನ್ ಅವರ ಅತ್ಯುತ್ತಮ ಸಂಶೋಧನೆಯೆಂದು ಎಣಿಸುತ್ತೇನೆ. ನಮ್ಮಲ್ಲಿ 1931ರಲ್ಲಿ ‘ಗರತಿಯ ಹಾಡು’ ಹೊರತಂದ ಹಲಸಂಗಿಯ ಗೆಳೆಯರನ್ನು ನಾವು ಹೆಸರು ಹಿಡಿದು ಸ್ಮರಿಸುತ್ತೇವೆ, ಸ್ಮರಿಸಲೇಬೇಕು. ಹಾಡಿಕೊಟ್ಟ ಗರತಿಯರನ್ನು ಹೆಸರು ಹಿಡಿದು ಕರೆಯಬಲ್ಲವರು ನಮ್ಮಲ್ಲಿ ಎಷ್ಟು ಜನ?

ಈಗ ಎದುರು ಪಾಳಯದ ಆಕ್ಷೇಪಕ್ಕೆ ಬರೋಣ. ಇವರು ಹಾಡು ಸಾಯಲಿ ಎನ್ನುವವರಲ್ಲ. ಹಾಡು ಹುಟ್ಟಿದ ಅಂಗಳದಲ್ಲಿಯೇ ಇರಬೇಕು, ರಂಗಕ್ಕೆ ತಂದರೆ ಕೆಟ್ಟಿತು ಎನ್ನುವ ಶುದ್ಧಿವಾದಿಗಳು. ತರಬೇತಿ ಪಡೆದ ಕಂಠಗಳು, ಪದರ ಪದರವಾಗಿ ಹೆಣೆದ ಸ್ವರಮೇಳ, ಒಂದೇ ಬಗೆಯ ಉಡುಪು: ಲೂಯಿನ್ ಅವರ ಮೇಳ ಹಳ್ಳಿಯ ಹಾಡನ್ನು ಇಸ್ತ್ರಿ ಮಾಡಿ ಪಟ್ಟಣದ ಸಭ್ಯರ ಮುಂದೆ ಇಟ್ಟಿತು ಎಂದು ಇವರ ದೂರು. ದೂರಿನಲ್ಲಿ ಸತ್ಯಾಂಶವಿದೆ. ಮೇಳದ ಹಾಡುಗಾರಿಕೆಯಲ್ಲಿ ಒಂದು ನಯವಿದೆ. ಬೆಟ್ಟದ ಮುದುಕಿಯ ಒಡೆದ ದನಿ ಅದರಲ್ಲಿ ಸಿಗುವುದಿಲ್ಲ, ಸಿಗದಿರುವುದು ನಷ್ಟವೇ. ಆದರೆ ಇವರ ‘ಶುದ್ಧ ರೂಪ’ ಯಾವ ವರ್ಷದ್ದು? ಮೇಳದವರು ಉಟ್ಟು ಬರುವ ‘ಬಂಡಾನ’ ಬಟ್ಟೆಯನ್ನೇ ನೋಡಿ. ಕೆಂಪು, ಬಿಳುಪು ಚೌಕಳಿಯ ಆ ನೂಲುಬಟ್ಟೆ ಇಂದು ಜಮೈಕಾದ ರಾಷ್ಟ್ರೀಯ ಉಡುಪಿನ ಗುರುತು. ಅದು ಮೂಲದಲ್ಲಿ ಮದರಾಸಿನ ಚೌಕಳಿ. ಕೋರಮಂಡಲ ಕರಾವಳಿಯ ಮಗ್ಗಗಳಲ್ಲಿ ನೇಯ್ದು ವೆಸ್ಟ್ ಇಂಡೀಸಿಗೆ ಹೋದದ್ದು. ಅದರ ಹೆಸರೂ ನಮ್ಮ ‘ಬಾಂಧ್’ ಧಾತುವಿನದೇ. ಇದನ್ನು ಓದುತ್ತಿರುವ ಚೆನ್ನೈನ ಗೆಳೆಯರು ಆ ಬಟ್ಟೆಯನ್ನು ಪರಕೀಯವೆಂದು ಜಮೈಕಾದ ಹೆಂಗಸರಿಂದ ವಾಪಸು ಕೇಳುತ್ತಾರೆಯೆ? ಹಾಡಿನ ವಿಷಯವೂ ಅಷ್ಟೆ. ಆಫ್ರಿಕದ ನಡೆ, ಸ್ಕಾಟ್ಲೆಂಡಿನ ಕುಣಿತದ ಮಟ್ಟು, ಮೆಥಡಿಸ್ಟ್ ಪ್ರಾರ್ಥನಾಗೀತೆ ಎಲ್ಲ ಬೆರೆತು ಬೆಂದ ಪಾಕದಲ್ಲಿ ‘ಬೆರಕೆ ಬೇಡ’ ಎಂಬ ಗೆರೆಯನ್ನು 1967ಕ್ಕೆ ಸರಿಯಾಗಿ ಎಳೆಯುವವರು ಹಾಡಿನ ಕಾವಲಿಗೆ ನಿಂತಿಲ್ಲ, ತಮ್ಮ ಅಭಿರುಚಿಯ ಕಾವಲಿಗೆ ನಿಂತಿದ್ದಾರೆ. ಲೂಯಿನ್ ಅವರಿಗೆ ಆ ಭಯವಿರಲಿಲ್ಲ. 1983ರಲ್ಲಿ ಯುವಕರ ಪಾಶ್ಚಾತ್ಯ ವಾದ್ಯವೃಂದವೊಂದನ್ನು ಕಟ್ಟಿದವರೂ ಅವರೇ. ಪಿಟೀಲು ಕಲಿತ ಹುಡುಗ ಕುಮಿನಾಕ್ಕೆ ಕೆಟ್ಟ ಎಂದು ಅವರು ತಿಳಿದಿರಲಿಲ್ಲ.

ಸರ್ಕಾರದ ಕೈವಾಡದ ಪ್ರಶ್ನೆ ಇದಕ್ಕಿಂತ ಕಠಿಣ. ಲೂಯಿನ್ ಅವರನ್ನು ಆ ಹುದ್ದೆಗೆ ತಂದ ಮಂತ್ರಿ ಎಡ್ವರ್ಡ್ ಸಿಯಾಗ. ಹಾರ್ವರ್ಡ್‌ನಲ್ಲಿ ಸಮಾಜಶಾಸ್ತ್ರ ಓದಿದವರು, 1950ರ ದಶಕದಲ್ಲಿ ತಾವೇ ಬಡವರ ಬಡಾವಣೆಗಳಲ್ಲಿ ನೆಲೆಸಿ ರಿವೈವಲ್ ಪಂಥಗಳ ಹಾಡನ್ನು ಮುದ್ರಿಸಿಕೊಂಡವರು. ಅವರ ಸಂಗ್ರಹ 1956ರಲ್ಲಿ ಅಮೆರಿಕದ ಫೋಕ್‌ವೇಸ್ ಕಂಪನಿಯಿಂದ ಹೊರಬಂತು. ಮುಂದೆ 1980ರಿಂದ 1989ರವರೆಗೆ ಪ್ರಧಾನಿ. ಅದೇ ಕಾಲದ ಪಶ್ಚಿಮ ಕಿಂಗ್‌ಸ್ಟನ್ನಿನ ಬಂದೂಕಿನ ರಾಜಕೀಯದಿಂದ ಅವರ ಹೆಸರನ್ನು ಬಿಡಿಸುವುದು ಸುಲಭವಲ್ಲ. 1962ರಲ್ಲಿ ಸ್ವತಂತ್ರವಾದ ದೇಶಕ್ಕೆ ಒಂದು ಚಹರೆ ಬೇಕಿತ್ತು; ಹಲವು ಮೂಲಗಳಿಂದ ಬಂದ ಒಂದೇ ಜನ ಎಂಬ ಅದರ ಧ್ಯೇಯವಾಕ್ಯಕ್ಕೆ ಹಿನ್ನೆಲೆ ಸಂಗೀತ ಬೇಕಿತ್ತು. ನಿನ್ನೆಯವರೆಗೆ ಠಾಣೆಗೆ ಎಳೆದೊಯ್ಯುತ್ತಿದ್ದ ಹಾಡುಗಾರನನ್ನು ಇಂದು ಉತ್ಸವದ ವೇದಿಕೆಗೆ ಕರೆದರು, ಒಬಿಯಾ ಕಾಯಿದೆಯನ್ನು ಮಾತ್ರ ಪುಸ್ತಕದಲ್ಲಿ ಹಾಗೆಯೇ ಉಳಿಸಿಕೊಂಡರು. ಈ ಆಷಾಢಭೂತಿತನವನ್ನು ಲೂಯಿನ್ ಅವರ ಅಭಿಮಾನಿಗಳೂ ಮರೆಮಾಚಬಾರದು. ಆದರೆ ಸರ್ಕಾರ ತನ್ನ ಕಾರಣಕ್ಕೆ ಕೊಟ್ಟ ಸಂಬಳದಿಂದ ಒಬ್ಬರು ಯಾವ ಕೆಲಸ ಮಾಡಿದರು ಎಂಬುದು ಬೇರೆಯೇ ಲೆಕ್ಕ. ಮಂತ್ರಿಗಳು ಬದಲಾದರು, ಪಕ್ಷಗಳು ಬದಲಾದವು. ಲೂಯಿನ್ ಮಾಡುತ್ತಿದ್ದ ಕೆಲಸ ಬದಲಾಗಲಿಲ್ಲ.

ರೆಗೆಯನ್ನು ಮುಂದಿಟ್ಟು ವಾದಿಸುವವರೂ ಇದ್ದಾರೆ: ಹಳೆಯದು ಹೋಗಿ ರೆಗೆ ಬಂತಲ್ಲ, ಜೀವಂತ ಸಂಸ್ಕೃತಿ ಎಂದರೆ ಅದೇ ಅಲ್ಲವೆ? ಹಳೆಯದು ‘ಹೋಗಿ’ ರೆಗೆ ಬರಲಿಲ್ಲ. ರೆಗೆ ಎಂಬ ಹೆಸರು ಚಲಾವಣೆಗೆ ಬಂದದ್ದು 1968ರಲ್ಲಿ, ಲೂಯಿನ್ ಮೇಳ ಕಟ್ಟಿದ ಮರುವರ್ಷ. ಅದರ ಬೆನ್ನೆಲುಬಾದ ಚರ್ಮವಾದ್ಯದ ನಡೆಯನ್ನು ರಾಸ್ತಫಾರಿಗಳು ಬುರು ಎಂಬ ಹಳೆಯ ವಾದ್ಯಗಾರರಿಂದ ಕಲಿತರು; ಕೌಂಟ್ ಆಸಿ ಎಂಬ ವಾದಕ ಕಿಂಗ್‌ಸ್ಟನ್ನಿನ ಕೇರಿಯಲ್ಲಿ ಕುಳಿತು ಆ ವಿದ್ಯೆಯನ್ನು ಹಿರಿಯರ ಕೈಯಿಂದ ತನ್ನ ಕೈಗೆ ತಂದುಕೊಂಡ. ಕಲಿಸುವ ಕೈ ಅಲ್ಲಿಯವರೆಗೆ ಬದುಕಿತ್ತು, ಆದ್ದರಿಂದ ರೆಗೆ ಹುಟ್ಟಿತು. ಯುನೆಸ್ಕೊ 2003ರಲ್ಲಿ ಮೂರ್‌ಟೌನಿನ ಮರೂನರ ಪರಂಪರೆಯನ್ನೂ 2018ರಲ್ಲಿ ರೆಗೆಯನ್ನೂ ತನ್ನ ಪಟ್ಟಿಗೆ ಸೇರಿಸಿತು. ಒಂದು ಕಾಡಿಗೆ ಓಡಿಹೋಗಿ ಬ್ರಿಟಿಷರೊಡನೆ 1739ರಲ್ಲಿ ಒಪ್ಪಂದ ಮಾಡಿಕೊಂಡ ಬಂಡುಕೋರರದು, ಇನ್ನೊಂದು ಕೇರಿಯ ಮಕ್ಕಳದು. ಎರಡನ್ನೂ ಒಂದು ಕಾಲಕ್ಕೆ ಕಾನೂನುಬಾಹಿರರ ಗದ್ದಲವೆಂದು ಕರೆದಿದ್ದರೆಂಬುದನ್ನು ಪಟ್ಟಿ ನೆನಪಿಸುವುದಿಲ್ಲ.

ಹಾಗಾದರೆ ಎಲ್ಲವನ್ನೂ ಮುದ್ರಿಸಿಟ್ಟರೆ ಸಾಕೆ? ಕೈಗೊಂದು ಮೊಬೈಲು ಬಂದ ಮೇಲೆ ಇದು ನಮ್ಮೆಲ್ಲರ ನಂಬಿಕೆ. ಹೆಲೆನ್ ರಾಬರ್ಟ್ಸ್ ಎಂಬ ಅಮೆರಿಕದ ವಿದುಷಿ 1920ರ ಸುಮಾರಿಗೇ ಜಮೈಕಾಕ್ಕೆ ಬಂದು ಹಾಡುಗಳನ್ನು ಮೇಣದ ಸಿಲಿಂಡರುಗಳಲ್ಲಿ ಹಿಡಿದರು, ಜಮೈಕಾದ ಚರ್ಮವಾದ್ಯಗಳ ಬಗ್ಗೆ ಬೆಲೆಯುಳ್ಳ ಲೇಖನ ಬರೆದರು. ಅದು ವಿದ್ವಾಂಸರಿಗೆ ಉಪಕಾರವಾಯಿತು; ಜಮೈಕಾದ ಒಂದು ಮಗುವಿನ ಬಾಯಿಗೂ ಅದರಿಂದ ಹಾಡು ಬರಲಿಲ್ಲ. ಲೂಯಿನ್ ಅವರು ಮೆಮೊರಿ ಬ್ಯಾಂಕಿನ ಟೇಪುಗಳನ್ನೂ ಮೇಳವನ್ನೂ ಒಟ್ಟಿಗೇ ನಡೆಸಿದ್ದರ ಅರ್ಥ ಇದು. ಟೇಪು ಹಾಡನ್ನು ಹಿಡಿದಿಡಬಲ್ಲದು, ಕಲಿಯಲಾರದು. ಕಲಿಯುವುದಕ್ಕೆ ಒಬ್ಬ ಮನುಷ್ಯ ಇನ್ನೊಬ್ಬ ಮನುಷ್ಯನ ಮುಂದೆ ಕೂರಬೇಕು, ಶ್ರುತಿ ತಪ್ಪಬೇಕು, ಬೈಸಿಕೊಳ್ಳಬೇಕು, ಮತ್ತೆ ಹೇಳಬೇಕು. ಮೇಳದ ಗಾಯಕರು ಹಗಲು ಬೇರೆ ಬೇರೆ ಉದ್ಯೋಗದಲ್ಲಿದ್ದು ಸಂಜೆ ಅಭ್ಯಾಸಕ್ಕೆ ಸೇರುವವರು. ಅವರಲ್ಲಿ ಬಹುಮಂದಿ ಗೆಣಸಿನ ಹೊಲ ಅಗೆದವರಲ್ಲ, ಗೊನೆ ಹೊತ್ತವರಲ್ಲ. ಆ ಹಾಡುಗಳ ಮೇಲೆ ಅವರಿಗೆ ಹುಟ್ಟಿನ ಹಕ್ಕೇನಾದರೂ ಇದ್ದರೆ ಅದನ್ನು ಅವರು ಅಭ್ಯಾಸದ ಕೋಣೆಯಲ್ಲಿ ಮತ್ತೆ ಗಳಿಸಬೇಕಾಯಿತು. ಊರು ಬಿಟ್ಟು ಬಂದ ನಮ್ಮಂಥವರಿಗೆ, ‘ನಮಗೆಲ್ಲಿ ಬರುತ್ತದೆ, ನಾವು ಪೇಟೆಯಲ್ಲಿ ಬೆಳೆದವರು’ ಎಂಬ ಸುಲಭದ ನೆಪ ಇಲ್ಲಿ ದೊರೆಯುವುದಿಲ್ಲ.

2013ರಲ್ಲಿ ಲೂಯಿನ್ ತೀರಿಕೊಂಡಾಗ ಮೇಳವೂ ಮುಗಿಯಿತೆಂದು ಹೇಳುವವರಿದ್ದಿರಬಹುದು. ಅದು 2017ರಲ್ಲಿ ಐವತ್ತು ವರ್ಷ ಪೂರೈಸಿತು. ಲೂಯಿನ್ ಅವರಿಂದ ನೇರವಾಗಿ ಕಲಿತವರು ಕಿರಿಯರಿಗೆ ಕಲಿಸುತ್ತಿದ್ದರು. ಆ ಕಿರಿಯರು ಹಾಡುತ್ತಿದ್ದದ್ದರಲ್ಲಿ ಅಗೆತದ ಹಾಡುಗಳೂ ಇದ್ದವು.